ಇಮ್ಮಡಿ ಕೂಲಿ ಒಮ್ಮಡಿಯಾಗುವ ಲೆಕ್ಕ

ತಮಿಳುನಾಡಿನ ಹೊಸೂರು, ಶೂಲಗಿರಿ, ಕೃಷ್ಣಗಿರಿ ಭಾಗದ ಕಾರ್ಖಾನೆಗಳಲ್ಲಿ ‘ಓಟಿ’ ಎಂದೇ ಬಳಕೆಯಲ್ಲಿರುವ ಹೆಚ್ಚುವರಿ ದುಡಿಮೆಯ ಬಗ್ಗೆ ಕಳೆದ ಕೆಲವು ವರ್ಷಗಳಲ್ಲಿ ನಡೆದ ವಾದವಿವಾದವೆಲ್ಲ ಒಂದೇ ಪ್ರಶ್ನೆಯನ್ನು ಹಿಡಿದು ಸಾಗಿದೆ. ಒಬ್ಬ ಕಾರ್ಮಿಕನನ್ನು ದಿನಕ್ಕೆ ಎಷ್ಟು ಗಂಟೆ ದುಡಿಸಬಹುದು ಎಂಬುದೇ ಆ ಪ್ರಶ್ನೆ. ಅದು ದೊಡ್ಡ ಪ್ರಶ್ನೆಯೇ ಹೌದು. ಅದಕ್ಕಾಗಿ ಚೆನ್ನೈನ ವಿಧಾನಸಭೆಯಲ್ಲಿ ಸಭಾತ್ಯಾಗ ನಡೆದಿದೆ, ಅಂಗೀಕಾರ ಪಡೆದ ಮಸೂದೆಯೊಂದು ಹತ್ತೇ ದಿನಗಳಲ್ಲಿ ಹಿಂದಕ್ಕೆ ಹೋಗಿದೆ. ಆದರೆ ದುಡಿದಾದ ಮೇಲೆ ಆ ಹೆಚ್ಚುವರಿ ಗಂಟೆಗೆ ಬೆಲೆ ಕಟ್ಟುವುದು ಹೇಗೆ, ಯಾವ ಮೊತ್ತವನ್ನು ಯಾವ ಸಂಖ್ಯೆಯಿಂದ ಭಾಗಿಸಬೇಕು, ‘ಇಮ್ಮಡಿ’ ಎಂದರೆ ಯಾವುದರ ಇಮ್ಮಡಿ ಎಂಬ ಪ್ರಶ್ನೆಗಳು ಸಂಬಳ ವಿಭಾಗದ ಕಂಪ್ಯೂಟರಿನೊಳಗೇ ಉಳಿದುಬಿಟ್ಟಿವೆ. ಗಂಟೆಗಳ ಮಿತಿಯನ್ನು ಕಾಯುವ ಕಾವಲುಗಾರನೇ ಈ ಲೆಕ್ಕ ಎಂಬುದನ್ನು ಮರೆತ ಸಮಾಜವು ಮುಂಬಾಗಿಲಿನಲ್ಲಿ ಗೆದ್ದ ಎಂಟು ಗಂಟೆಯ ಹಕ್ಕನ್ನು ಹಿಂಬಾಗಿಲಿನಲ್ಲಿ ಸೋಲುತ್ತಿದೆ ಎಂಬುದೇ ಈ ಲೇಖನದ ವಾದ.

ಹತ್ತು ದಿನಗಳ ಮಸೂದೆ

2023ರ ಏಪ್ರಿಲ್ 21ರಂದು ತಮಿಳುನಾಡು ವಿಧಾನಸಭೆಯು 1948ರ ಕಾರ್ಖಾನೆಗಳ ಕಾಯ್ದೆಗೆ ‘65ಎ’ ಎಂಬ ಹೊಸ ಕಲಮನ್ನು ಸೇರಿಸುವ ತಿದ್ದುಪಡಿ ಮಸೂದೆಯನ್ನು ಅಂಗೀಕರಿಸಿತು. ಆಳುವ ಪಕ್ಷದ ಮಿತ್ರರಾದ ಕಾಂಗ್ರೆಸ್, ಎರಡೂ ಕಮ್ಯುನಿಸ್ಟ್ ಪಕ್ಷಗಳು ಮತ್ತು ವಿಡುದಲೈ ಚಿರುತ್ತೈಗಳ್ ಪಕ್ಷದ ಸದಸ್ಯರೇ ಅದನ್ನು ವಿರೋಧಿಸಿ ಹೊರನಡೆದರು. ಏಪ್ರಿಲ್ 24ರಂದು ಸರ್ಕಾರವು ಮಸೂದೆಯನ್ನು ತಡೆಹಿಡಿದಿರುವುದಾಗಿ ಹೇಳಿತು. ಮೇ 1ರಂದು ಮುಖ್ಯಮಂತ್ರಿ ಎಂ. ಕೆ. ಸ್ಟಾಲಿನ್ ಅದನ್ನು ಹಿಂಪಡೆಯುವುದಾಗಿ ಘೋಷಿಸಿದರು. 1923ರ ಮೇ 1ರಂದು ಮದರಾಸಿನ ಕಡಲತೀರದಲ್ಲಿ ಸಿಂಗಾರವೇಲರು ಭಾರತದ ಮೊದಲ ಮೇ ದಿನವನ್ನು ಆಚರಿಸಿ ಅಂದಿಗೆ ಸರಿಯಾಗಿ ನೂರು ವರ್ಷ ತುಂಬಿದ್ದುದರಿಂದ, ಆ ಘೋಷಣೆಗೆ ಐತಿಹಾಸಿಕ ಘನತೆಯೂ ಒದಗಿಬಂತು.

ಆ ಹತ್ತು ದಿನಗಳಲ್ಲಿ ‘ಹನ್ನೆರಡು ಗಂಟೆ ದುಡಿಮೆ’ ಎಂಬ ಮಾತು ಎಲ್ಲರ ಬಾಯಲ್ಲೂ ಇತ್ತು. ಆದರೆ 65ಎ ಕಲಮಿನ ಮೂಲಕ ಸರ್ಕಾರ ಯಾವ ಯಾವ ಕಲಮುಗಳಿಂದ ವಿನಾಯಿತಿ ಕೊಡುವ ಅಧಿಕಾರ ಕೇಳಿತ್ತು ಎಂಬ ಪಟ್ಟಿಯನ್ನು ಕಡೆಯವರೆಗೆ ಓದಿದವರು ಕಡಿಮೆ. ವಾರದ ಗಂಟೆಗಳನ್ನು ಹೇಳುವ 51, ವಾರದ ರಜೆಯನ್ನು ಹೇಳುವ 52, ದಿನದ ಗಂಟೆಗಳನ್ನು ಹೇಳುವ 54, ವಿರಾಮವನ್ನು ಹೇಳುವ 55, ಕೆಲಸ ಮತ್ತು ವಿರಾಮ ಸೇರಿದ ಒಟ್ಟು ಹರವನ್ನು ಹೇಳುವ 56 – ಇವುಗಳ ಬಾಲಕ್ಕೆ 59ನೇ ಕಲಮೂ ಅಂಟಿಕೊಂಡಿತ್ತು. ದಿನಕ್ಕೆ 9 ಗಂಟೆ ಅಥವಾ ವಾರಕ್ಕೆ 48 ಗಂಟೆ ಮೀರಿದ ದುಡಿಮೆಗೆ ಸಾಮಾನ್ಯ ದರದ ಎರಡರಷ್ಟು ಕೂಲಿ ಕೊಡಬೇಕೆಂದು ವಿಧಿಸಿದ್ದು ಈ 59ನೇ ಕಲಮು. ಗಂಟೆಯ ಮಿತಿಯನ್ನು ಸಡಿಲಿಸಲು ಹೊರಟವರು ಗಂಟೆಯ ಬೆಲೆಯನ್ನೂ ಸಡಿಲಿಸುವ ಅಧಿಕಾರ ಬಯಸಿದ್ದು ಆಕಸ್ಮಿಕವಾಗಿರಲಾರದು, ಏಕೆಂದರೆ ಬೆಲೆ ಹಾಗೆಯೇ ಉಳಿದರೆ ಮಿತಿ ಸಡಿಲಿಸಿ ದೊರೆಯುವ ಲಾಭ ಬಹಳವಿಲ್ಲ.

ಗಡಿಯ ಈಚೆಗೆ ಕಥೆ ಬೇರೆಯಾಗಿ ಮುಗಿಯಿತು. ಕರ್ನಾಟಕದ ವಿಧಾನಮಂಡಲವು 2023ರ ಫೆಬ್ರುವರಿಯಲ್ಲೇ ಇಂಥದೊಂದು ತಿದ್ದುಪಡಿಯನ್ನು ಒಪ್ಪಿತ್ತು. ಅದರ ಪ್ರಕಾರ ವಾರದ 48 ಗಂಟೆಯೊಳಗೆ ದಿನಕ್ಕೆ 12 ಗಂಟೆಯವರೆಗೆ ದುಡಿಸಲು ಅವಕಾಶವಾಯಿತು, ಮೂರು ತಿಂಗಳಿಗೆ 75 ಗಂಟೆಯಿದ್ದ ಓಟಿಯ ಮಿತಿ ಹೆಚ್ಚೂಕಡಿಮೆ ಇಮ್ಮಡಿಯಾಯಿತು. ತಮಿಳುನಾಡಿನ ಜೂಜುವಾಡಿಯಲ್ಲಿ ನಿಂತು ನೋಡಿದರೆ ಕರ್ನಾಟಕದ ಅಟ್ಟಿಬೆಲೆ ಕಾಣುವಷ್ಟು ಹತ್ತಿರವಿರುವ ಈ ಪ್ರದೇಶದಲ್ಲಿ ಒಂದೇ ಮನೆಯ ಅಣ್ಣ ಹೊಸೂರಿನ ಸಿಪ್‌ಕಾಟ್ ಕೈಗಾರಿಕಾ ಪ್ರದೇಶಕ್ಕೂ ತಮ್ಮ ಬೊಮ್ಮಸಂದ್ರಕ್ಕೋ ಜಿಗಣಿಗೋ ಹೋಗಿ ದುಡಿಯುವುದು ಸಾಮಾನ್ಯ. ಒಂದು ಚೆಕ್‌ಪೋಸ್ಟ್ ದಾಟಿದೊಡನೆ ಓಟಿಯ ಮಿತಿ ಬದಲಾಗುವುದನ್ನು ಈ ಕುಟುಂಬಗಳು ಕಂಡಿವೆ. ಆದರೆ ಎರಡೂ ಕಡೆ ಬದಲಾಗದೆ ಉಳಿದದ್ದು, ಸಂಬಳ ಚೀಟಿಯಲ್ಲಿ ಓಟಿ ಎಂಬ ಸಾಲಿನೆದುರು ಬರುವ ಮೊತ್ತ ಹೇಗೆ ಬಂತೆಂದು ತಿಳಿಯದ ಅಸಹಾಯಕತೆ.

ಇಮ್ಮಡಿಯ ಹಿಂದಿನ ತತ್ವ

ಕಾನೂನು ಓಟಿಗೆ ಇಮ್ಮಡಿ ದರವನ್ನೇ ಏಕೆ ಇಟ್ಟಿತು ಎಂಬುದನ್ನು ಮೊದಲು ಸ್ಪಷ್ಟಪಡಿಸಿಕೊಳ್ಳಬೇಕು. 1919ರಲ್ಲಿ ವಾಷಿಂಗ್ಟನ್‌ನಲ್ಲಿ ಸೇರಿದ ಅಂತರರಾಷ್ಟ್ರೀಯ ಕಾರ್ಮಿಕ ಸಂಘಟನೆಯ ಮೊದಲ ಒಡಂಬಡಿಕೆಯೇ ಕೈಗಾರಿಕೆಗಳ ದುಡಿಮೆಯ ಗಂಟೆಗಳನ್ನು ಕುರಿತದ್ದು. ದಿನಕ್ಕೆ 8, ವಾರಕ್ಕೆ 48 ಗಂಟೆ ಎಂದು ಜಗತ್ತಿಗೆ ಹೇಳಿದ ಆ ಒಡಂಬಡಿಕೆ, ಬ್ರಿಟಿಷ್ ಆಳ್ವಿಕೆಯ ಭಾರತಕ್ಕೆ ಮಾತ್ರ ವಾರಕ್ಕೆ 60 ಗಂಟೆ ಎಂಬ ಪ್ರತ್ಯೇಕ ಅಳತೆಯನ್ನು ಇಟ್ಟಿತು. 1921ರಲ್ಲಿ ಭಾರತ ಅದನ್ನು ಒಪ್ಪಿ, ಮರುವರ್ಷ 60 ಗಂಟೆಯ ವಾರವನ್ನು ಕಾಯ್ದೆಯಲ್ಲಿ ತಂದಿತು. 1934ರಲ್ಲಿ ಅದು 54 ಗಂಟೆಗೆ ಇಳಿಯಿತು. ವೈಸರಾಯ್ ಕಾರ್ಯಕಾರಿ ಮಂಡಳಿಯಲ್ಲಿ ಡಾ. ಬಿ. ಆರ್. ಅಂಬೇಡ್ಕರ್ ಕಾರ್ಮಿಕ ಖಾತೆಯನ್ನು ಹೊತ್ತಿದ್ದ ಕಾಲದ ಪ್ರಯತ್ನಗಳ ಫಲವಾಗಿ 1946ರಲ್ಲಿ 48 ಗಂಟೆಗೆ ಬಂತು. ಸ್ವತಂತ್ರ ಭಾರತದ 1948ರ ಕಾಯ್ದೆ ಅದನ್ನು ಗಟ್ಟಿಗೊಳಿಸಿತು. ಅಂದರೆ ಜಗತ್ತಿನ ಇತರರಿಗೆ 1919ರಲ್ಲಿ ಸಂದ ಅಳತೆ ಈ ನೆಲದ ಕಾರ್ಮಿಕರಿಗೆ ಸಲ್ಲಲು ಕಾಲು ಶತಮಾನಕ್ಕೂ ಹೆಚ್ಚು ಕಾಲ ಹಿಡಿಯಿತು.

ಹೀಗೆ ದಕ್ಕಿದ 48 ಗಂಟೆಯ ಗಡಿಯನ್ನು ಕಾಯಲು ಕಾನೂನು ಎರಡು ಬೇಲಿಗಳನ್ನು ಹಾಕಿತು. ಮೊದಲನೆಯದು ನೇರ ನಿಷೇಧ. ಓಟಿ ಸೇರಿ ದಿನಕ್ಕೆ ಇಷ್ಟು, ವಾರಕ್ಕೆ 60, ಮೂರು ತಿಂಗಳಿಗೆ ಸಾಮಾನ್ಯವಾಗಿ 50 ಗಂಟೆ ಎಂಬ ಮಿತಿಗಳು ಅದಕ್ಕೆ ಸೇರಿದವು. ಎರಡನೆಯದು ಬೆಲೆಯ ಬೇಲಿ. ಒಬ್ಬನನ್ನೇ ಹನ್ನೆರಡು ಗಂಟೆ ದುಡಿಸುವುದಕ್ಕಿಂತ ಇನ್ನೊಬ್ಬನನ್ನು ಕೆಲಸಕ್ಕೆ ತೆಗೆದುಕೊಳ್ಳುವುದೇ ಅಗ್ಗವಾಗಿರಬೇಕು. ಆಗ ಮಾತ್ರ ಮಾಲೀಕ ತಾನಾಗಿಯೇ ಎಂಟು ಗಂಟೆಯ ಪಾಳಿಯನ್ನು ಪಾಲಿಸುತ್ತಾನೆ ಎಂಬ ತಿಳಿವಳಿಕೆ ಅದರ ಹಿಂದಿದೆ. ಆದ್ದರಿಂದ ಇಮ್ಮಡಿ ಕೂಲಿಯು ಕಾರ್ಮಿಕನಿಗೆ ಕೊಡುವ ಬಕ್ಷೀಸು ಎಂದು ತಿಳಿಯುವುದು ತಪ್ಪು. ಅದು ಗಡಿ ದಾಟಿದ್ದಕ್ಕೆ ಮಾಲೀಕ ತೆರಬೇಕಾದ ಸುಂಕ. ಸುಂಕದ ಲೆಕ್ಕವನ್ನು ಸುಂಕ ತೆರುವವನೇ ತನಗೆ ಬೇಕಾದಂತೆ ಮಾಡಿಕೊಳ್ಳುವಂತಾದರೆ ಗಡಿಕಟ್ಟೆ ಇದ್ದೂ ಇಲ್ಲದಂತೆ. ಹೊಸೂರಿನ ಕಾರ್ಮಿಕರ ಮಾತಿನಲ್ಲಿ ‘ಡಬಲ್ ಓಟಿ’, ‘ಸಿಂಗಲ್ ಓಟಿ’ ಎಂಬ ಎರಡು ಪದಗಳು ಓಡಾಡುತ್ತಿರುವುದೇ ಇದಕ್ಕೆ ಸಾಕ್ಷಿ; ಕಾನೂನಿನಲ್ಲಿ ಎರಡನೆಯ ಪದಕ್ಕೆ ಜಾಗವೇ ಇಲ್ಲ.

ಮೂರು ಕತ್ತರಿಗಳು

ಓಟಿಯ ಲೆಕ್ಕ ಮೂರು ಪ್ರಶ್ನೆಗಳ ಮೇಲೆ ನಿಂತಿದೆ. ಇಮ್ಮಡಿ ಮಾಡಬೇಕಾದ ಮೂಲ ಮೊತ್ತ ಯಾವುದು, ತಿಂಗಳ ಸಂಬಳವನ್ನು ಗಂಟೆಯ ದರಕ್ಕೆ ಇಳಿಸಲು ಯಾವ ಸಂಖ್ಯೆಯಿಂದ ಭಾಗಿಸಬೇಕು, ಯಾವ ಗಳಿಗೆಯಿಂದ ದುಡಿಮೆಯನ್ನು ಹೆಚ್ಚುವರಿ ಎಂದು ಎಣಿಸಬೇಕು. ಮೂರೂ ಕಡೆ ಕತ್ತರಿ ಆಡಿಸಬಹುದು. ಮೂರು ಸಣ್ಣ ಕತ್ತರಿಗಳು ಸೇರಿದರೆ ಕೂಲಿಯ ಅರ್ಧಕ್ಕಿಂತ ಹೆಚ್ಚು ಭಾಗವೇ ಉದುರುತ್ತದೆ.

ಲೆಕ್ಕದ ಸುಲಭಕ್ಕಾಗಿ ತಿಂಗಳಿಗೆ ಎಲ್ಲ ಸೇರಿ 31,200 ರೂಪಾಯಿ ಪಡೆಯುವ ಕಾರ್ಮಿಕನೊಬ್ಬನನ್ನು ಊಹಿಸಿಕೊಳ್ಳಬಹುದು. ಆ ಮೊತ್ತದಲ್ಲಿ ಮೂಲ ವೇತನ ಮತ್ತು ತುಟ್ಟಿಭತ್ಯೆ ಸೇರಿ 15,600. ಮನೆಬಾಡಿಗೆ, ಸಾರಿಗೆ ಮೊದಲಾದ ಭತ್ಯೆಗಳು ಉಳಿದ 15,600. ವಾರಕ್ಕೊಂದು ರಜೆ ಬಿಟ್ಟರೆ ತಿಂಗಳಲ್ಲಿ ದುಡಿಯುವುದು 26 ದಿನ. ಹಾಗಾಗಿ ದಿನಕ್ಕೆ 1,200, ಎಂಟು ಗಂಟೆಗೆ ಹಂಚಿದರೆ ಗಂಟೆಗೆ 150 ರೂಪಾಯಿ. ಅದರ ಇಮ್ಮಡಿ 300. ಕಾರ್ಖಾನೆಗಳ ಕಾಯ್ದೆಯ ಆಶಯದಂತೆ ಒಂದು ಗಂಟೆಯ ಓಟಿಗೆ ಸಲ್ಲಬೇಕಾದದ್ದು ಇಷ್ಟು.

ಮೊದಲ ಕತ್ತರಿ ಆಡುವುದು ಮೂಲ ಮೊತ್ತದ ಮೇಲೆ. ಭತ್ಯೆಗಳನ್ನು ಬದಿಗಿಟ್ಟು ಮೂಲ ವೇತನ ಮತ್ತು ತುಟ್ಟಿಭತ್ಯೆಯನ್ನಷ್ಟೇ ಹಿಡಿದರೆ 15,600ನ್ನು 26ರಿಂದಲೂ 8ರಿಂದಲೂ ಭಾಗಿಸಿದಾಗ ಗಂಟೆಗೆ 75 ಬರುತ್ತದೆ. ಅದರ ಇಮ್ಮಡಿ 150. ಅಂದರೆ ಹೆಸರಿಗೆ ಇಮ್ಮಡಿಯಾದ ಓಟಿಯ ದರ, ಹಗಲಿನ ಪಾಳಿಯಲ್ಲಿ ಅದೇ ಕಾರ್ಮಿಕ ಅದೇ ಯಂತ್ರದ ಮುಂದೆ ಗಳಿಸುವ ಸಾಮಾನ್ಯ ದರಕ್ಕೆ ಸರಿಸಮ. ಎರಡನೆಯ ಕತ್ತರಿ ಆಡುವುದು ಭಾಜಕದ ಮೇಲೆ. 26ರ ಬದಲು 30ರಿಂದ ಭಾಗಿಸಿದರೆ ಅದೇ 15,600 ದಿನಕ್ಕೆ 520, ಗಂಟೆಗೆ 65 ಆಗುತ್ತದೆ, ಇಮ್ಮಡಿಸಿದರೂ 130. ಇಮ್ಮಡಿ ಕೂಲಿ ಈಗ ಸಾಮಾನ್ಯ ಕೂಲಿಗಿಂತ 20 ರೂಪಾಯಿ ಕಡಿಮೆ. ದಣಿದ ದೇಹದ ಒಂಬತ್ತನೆಯ ಗಂಟೆ ಚೈತನ್ಯವಿದ್ದ ಮೊದಲ ಗಂಟೆಗಿಂತ ಅಗ್ಗವಾಯಿತು. ಮೂರು ತಿಂಗಳಿಗೆ 50 ಗಂಟೆ ಓಟಿ ಮಾಡಿದವನಿಗೆ ಗಂಟೆಗೆ 170ರಂತೆ 8,500 ರೂಪಾಯಿ, ವರ್ಷಕ್ಕೆ 34,000 ರೂಪಾಯಿ ಖೋತಾ ಆಗುತ್ತದೆ. ಇದು ಅವನ ಒಂದು ತಿಂಗಳ ಇಡೀ ಸಂಬಳಕ್ಕಿಂತ ಹೆಚ್ಚು. ಯಾರೂ ಗದರಿಸದೆ, ಯಾವ ಆದೇಶವನ್ನೂ ಹೊರಡಿಸದೆ, ಭಾಗಾಕಾರವೊಂದರ ಮರೆಯಲ್ಲಿ ವರ್ಷದ ಹನ್ನೆರಡು ಸಂಬಳಗಳಲ್ಲಿ ಒಂದು ಕಾಣೆಯಾಗುತ್ತದೆ.

ಭಾಜಕದ ಪ್ರಶ್ನೆಗೆ ಮಾಲೀಕರ ಕಡೆಯಿಂದ ಒಂದು ಸಮರ್ಥನೆ ಇದೆ. ತಿಂಗಳ ಸಂಬಳವೆಂದರೆ ರಜೆಯ ದಿನಗಳೂ ಸೇರಿದ ಮೂವತ್ತು ದಿನಗಳ ಸಂಬಳ, ಆದ್ದರಿಂದ ಮೂವತ್ತರಿಂದಲೇ ಭಾಗಿಸಬೇಕು ಎಂಬುದು ಅವರ ವಾದ. ಗ್ರಾಚ್ಯುಟಿ, ಅಂದರೆ ಸೇವೆಯ ಕೊನೆಯಲ್ಲಿ ಕೊಡುವ ಇಡಿಗಂಟಿನ ಲೆಕ್ಕದಲ್ಲಿ ಇದೇ ವಾದ ಸುಪ್ರೀಂ ಕೋರ್ಟಿನ ಮುಂದೆ ಬಂದಿತ್ತು. ದಿಗ್ವಿಜಯ್ ವೂಲನ್ ಮಿಲ್ಸ್ ಪ್ರಕರಣದಲ್ಲಿ ನ್ಯಾಯಾಲಯವು, ಕಾರ್ಮಿಕ ತಿಂಗಳ ಸಂಬಳವನ್ನು ಗಳಿಸುವುದು ಇಪ್ಪತ್ತಾರು ದಿನಗಳ ದುಡಿಮೆಯಿಂದ ಎಂಬ ನೆಲೆಯನ್ನು ಒಪ್ಪಿಕೊಂಡಿತು. ಮುಂದೆ ಸಂಸತ್ತು 26 ಎಂಬ ಸಂಖ್ಯೆಯನ್ನು ಗ್ರಾಚ್ಯುಟಿ ಕಾಯ್ದೆಯಲ್ಲೇ ಬರೆಯಿತು. ಕೇಂದ್ರ ಸರ್ಕಾರ ಹೊಸ ವೇತನ ಸಂಹಿತೆಗಾಗಿ ಪ್ರಕಟಿಸಿದ ಕರಡು ನಿಯಮಗಳಲ್ಲೂ ದಿನದ ಕನಿಷ್ಠ ಕೂಲಿಯನ್ನು 8ರಿಂದ ಭಾಗಿಸಿದರೆ ಗಂಟೆಯ ದರ, 26ರಿಂದ ಗುಣಿಸಿದರೆ ತಿಂಗಳ ದರ ಎಂದೇ ಹೇಳಲಾಗಿದೆ. ಗುಣಿಸುವಾಗ 26 ಇದ್ದದ್ದು ಭಾಗಿಸುವಾಗ 30 ಆಗಲು ಯಾವ ತರ್ಕವೂ ಒಪ್ಪದು.

ಮೂರನೆಯ ಕತ್ತರಿ ಆರಂಭದ ಗಳಿಗೆಯದು. ಎಂಟು ಗಂಟೆಯ ಪಾಳಿಯಲ್ಲಿ ಒಂಬತ್ತನೆಯ ಗಂಟೆ ಓಟಿಯೋ ಅಲ್ಲವೋ ಎಂಬುದಕ್ಕೆ 1948ರ ಕಾಯ್ದೆಯ ಉತ್ತರ ಸ್ವಲ್ಪ ಸುತ್ತುದಾರಿಯದು. ದಿನದ ಮಿತಿ 9 ಗಂಟೆಯಾದ್ದರಿಂದ ಆ ದಿನದ ಲೆಕ್ಕದಲ್ಲಿ ಅದು ಓಟಿಯಲ್ಲ. ಆದರೆ ಆರು ದಿನವೂ ಎಂಟು ಗಂಟೆ ದುಡಿದವನಿಗೆ ವಾರದ 48 ತುಂಬಿರುವುದರಿಂದ ವಾರದ ಲೆಕ್ಕದಲ್ಲಿ ಅದು ಓಟಿ. ಆ ವಾರ ಜ್ವರ ಬಂದೋ ಊರಹಬ್ಬಕ್ಕೆಂದೋ ಒಂದು ದಿನ ರಜೆ ಹಾಕಿದರೆ 48 ತುಂಬದೆ ಆ ಗಂಟೆ ಮತ್ತೆ ಸಾಮಾನ್ಯ ಗಂಟೆಯಾಗಿಬಿಡುತ್ತದೆ. ಇದರ ಜೊತೆಗೆ ಪಾಳಿ ಮುಗಿದ ಮೇಲೆ ಯಂತ್ರ ಒಪ್ಪಿಸಲು, ಸಾಲಿನಲ್ಲಿ ನಿಂತು ತಪಾಸಣೆಗೆ ಒಳಗಾಗಲು ಹಿಡಿಯುವ ಹತ್ತು ಹದಿನೈದು ನಿಮಿಷಗಳನ್ನು ಯಾವ ಲೆಕ್ಕಕ್ಕೂ ಸೇರಿಸದೆ ಬಿಡುವುದೂ ಉಂಟು. ನಿಮಿಷಗಳು ಚಿಲ್ಲರೆಯಂತೆ ಕಂಡರೂ ದಿನಕ್ಕೆ ಹದಿನೈದು ನಿಮಿಷವಾದರೆ 26 ದಿನಕ್ಕೆ ಆರೂವರೆ ಗಂಟೆ.

ಆವಡಿಯ ಗೆಲುವು, ಸಂಹಿತೆಯ ಸೋಲು

ಮೊದಲ ಕತ್ತರಿಗೆ ನ್ಯಾಯಾಲಯದ ಉತ್ತರ ದೊರೆತದ್ದು ತಮಿಳುನಾಡಿನ ಕಾರ್ಮಿಕರಿಂದಲೇ. ಕಾರ್ಖಾನೆಗಳ ಕಾಯ್ದೆಯ 59ನೇ ಕಲಮು ‘ಸಾಮಾನ್ಯ ದರ’ ಎಂದರೆ ಮೂಲ ವೇತನ ಮತ್ತು ಕಾರ್ಮಿಕ ಅರ್ಹನಾಗಿರುವ ಭತ್ಯೆಗಳು ಎಂದು ವಿವರಿಸಿ, ಬೋನಸ್ ಮತ್ತು ಓಟಿಯ ಕೂಲಿಯನ್ನು ಮಾತ್ರ ಹೊರಗಿಟ್ಟಿತ್ತು. ಇಷ್ಟು ಸ್ಪಷ್ಟವಾದ ಮಾತಿದ್ದರೂ ಚೆನ್ನೈ ಸಮೀಪದ ಆವಡಿಯ ಹೆವಿ ವೆಹಿಕಲ್ಸ್ ಫ್ಯಾಕ್ಟರಿಯ ನೌಕರರು ಮನೆಬಾಡಿಗೆ, ಸಾರಿಗೆ ಮುಂತಾದ ಭತ್ಯೆಗಳನ್ನು ಓಟಿಯ ಲೆಕ್ಕಕ್ಕೆ ಸೇರಿಸಬೇಕೆಂದು ವರ್ಷಗಟ್ಟಲೆ ಕೇಂದ್ರ ಸರ್ಕಾರದ ವಿರುದ್ಧವೇ ಹೋರಾಡಬೇಕಾಯಿತು. ಮದ್ರಾಸ್ ಹೈಕೋರ್ಟ್ ಅವರ ಪರವಾಗಿ ತೀರ್ಪಿತ್ತಿತು. 2026ರ ಜನವರಿಯಲ್ಲಿ ಸುಪ್ರೀಂ ಕೋರ್ಟ್ ಅದನ್ನು ಎತ್ತಿಹಿಡಿಯಿತು. ಅದಕ್ಕೂ ಬಹಳ ಹಿಂದೆ, 1972ರ ಮಾಮರ್ಡೆ ಪ್ರಕರಣದಲ್ಲಿ, ಕನಿಷ್ಠ ಕೂಲಿ ಕಾಯ್ದೆಯ ಓಟಿಯನ್ನು ಸರ್ಕಾರ ನಿಗದಿಪಡಿಸಿದ ಕನಿಷ್ಠ ದರದ ಮೇಲಲ್ಲದೆ ಕಾರ್ಮಿಕ ನಿಜವಾಗಿ ಪಡೆಯುತ್ತಿರುವ ದರದ ಮೇಲೆಯೇ ಲೆಕ್ಕ ಹಾಕಬೇಕೆಂದು ಅದೇ ನ್ಯಾಯಾಲಯ ಹೇಳಿತ್ತು. 2020ರಲ್ಲಿ, ಸಾಂಕ್ರಾಮಿಕದ ನೆಪದಲ್ಲಿ ದಿನಕ್ಕೆ 12 ಗಂಟೆ ದುಡಿಸಿ ಓಟಿಗೂ ಸಾಮಾನ್ಯ ದರವನ್ನೇ ಕೊಡಲು ಅನುಮತಿಸಿದ್ದ ಗುಜರಾತ್ ಸರ್ಕಾರದ ಅಧಿಸೂಚನೆಯನ್ನು ರದ್ದುಪಡಿಸಿ, ಆ ಅವಧಿಯ ಹೆಚ್ಚುವರಿ ದುಡಿಮೆಗೆ ಕಾಯ್ದೆಯಂತೆ ಕೂಲಿ ಕೊಡಲು ಆದೇಶಿಸಿತ್ತು. ಮೂರು ತೀರ್ಪುಗಳೂ ಒಂದೇ ದಿಕ್ಕಿನಲ್ಲಿ ಮಾತಾಡಿವೆ.

ಆದರೆ ಆವಡಿಯ ತೀರ್ಪು ಬರುವ ಎರಡು ತಿಂಗಳ ಮುನ್ನ, 2025ರ ನವೆಂಬರ್ 21ರಂದು, ನಾಲ್ಕು ಕಾರ್ಮಿಕ ಸಂಹಿತೆಗಳು ಜಾರಿಗೆ ಬಂದು ಕಾರ್ಖಾನೆಗಳ ಕಾಯ್ದೆಯ ಜಾಗವನ್ನು ಹಿಡಿದಿದ್ದವು. ಕಾರ್ಮಿಕರು ಒಂದು ಕಲಮಿನ ಅರ್ಥವನ್ನು ಗೆದ್ದರು. ಗೆಲ್ಲುವ ಹೊತ್ತಿಗೆ ಆ ಕಲಮೇ ಹೋಗಿತ್ತು.

ಸಂಹಿತೆಯಲ್ಲಿ ಮೆಚ್ಚಬೇಕಾದ ಅಂಶಗಳಿಲ್ಲವೆಂದು ಹೇಳುವುದು ಅನ್ಯಾಯವಾದೀತು. ಔದ್ಯೋಗಿಕ ಸುರಕ್ಷತೆ, ಆರೋಗ್ಯ ಮತ್ತು ದುಡಿಮೆಯ ಸ್ಥಿತಿಗತಿಗಳ ಸಂಹಿತೆಯು ದಿನದ ಮಿತಿಯನ್ನು 8 ಗಂಟೆಗೆ ಇಳಿಸಿದೆ. ಓಟಿಯನ್ನು ದಿನದ ಲೆಕ್ಕದಲ್ಲಾಗಲಿ ವಾರದ ಲೆಕ್ಕದಲ್ಲಾಗಲಿ ಕಾರ್ಮಿಕನಿಗೆ ಯಾವುದು ಹೆಚ್ಚು ಅನುಕೂಲವೋ ಹಾಗೆ ಎಣಿಸಬೇಕೆಂದು ಹೇಳಿದೆ. ಕಾರ್ಮಿಕನ ಒಪ್ಪಿಗೆಯಿಲ್ಲದೆ ಓಟಿ ಮಾಡಿಸಕೂಡದೆಂದಿದೆ. ಮೂರನೆಯ ಕತ್ತರಿಯನ್ನು ಇದು ಬಹುಮಟ್ಟಿಗೆ ಮೊಂಡಾಗಿಸುತ್ತದೆ. 2020ರ ಕರಡು ನಿಯಮಗಳಲ್ಲಿ ಹದಿನೈದರಿಂದ ಮೂವತ್ತು ನಿಮಿಷಗಳ ಹೆಚ್ಚುವರಿ ದುಡಿಮೆಯನ್ನು ಅರ್ಧ ಗಂಟೆಯೆಂದೂ ಅದಕ್ಕೆ ಮೀರಿದ್ದನ್ನು ಒಂದು ಗಂಟೆಯೆಂದೂ ಎಣಿಸಬೇಕೆಂಬ ಮಾತು ಇದ್ದದ್ದೂ ಸ್ವಾಗತಾರ್ಹ.

ಆದರೆ ಅದೇ ಸಂಹಿತೆಯು ಮೊದಲ ಕತ್ತರಿಯನ್ನು ಸಾಣೆಗೆ ಕೊಟ್ಟಿದೆ. ಓಟಿಗೆ ‘ವೇತನ ದರದ ಎರಡರಷ್ಟು’ ಎನ್ನುವ ಅದು, ‘ವೇತನ’ ಎಂಬ ಪದಕ್ಕೆ ಮೂಲ ವೇತನ, ತುಟ್ಟಿಭತ್ಯೆ ಮತ್ತು ಕೆಲಸದಲ್ಲಿ ಉಳಿಸಿಕೊಳ್ಳಲು ಕೊಡುವ ಭತ್ಯೆ ಎಂಬ ಮೂರನ್ನಷ್ಟೇ ಒಳಗೊಳ್ಳುವ ಅರ್ಥ ಕೊಟ್ಟು, ಮನೆಬಾಡಿಗೆ ಭತ್ಯೆ, ಸಾರಿಗೆ ಭತ್ಯೆ ಮುಂತಾದವನ್ನು ಹೊರಗಿಟ್ಟಿದೆ. ಹೊರಗಿಟ್ಟ ಬಾಬುಗಳು ಒಟ್ಟು ಸಂಭಾವನೆಯ ಅರ್ಧವನ್ನು ಮೀರಿದರೆ ಮೀರಿದ ಭಾಗ ವೇತನಕ್ಕೆ ಸೇರುತ್ತದೆ ಎಂಬ ಕಡಿವಾಣ ಇದೆ ನಿಜ. ಭವಿಷ್ಯ ನಿಧಿ, ಗ್ರಾಚ್ಯುಟಿಯ ದೃಷ್ಟಿಯಿಂದ ಆ ಕಡಿವಾಣ ಕಾರ್ಮಿಕನಿಗೆ ಲಾಭದಾಯಕವೂ ಹೌದು. ಓಟಿಯ ವಿಷಯದಲ್ಲಿ ಮಾತ್ರ ಅದು ವಿಚಿತ್ರ ಫಲವನ್ನು ಕೊಡುತ್ತದೆ. ಸಂಭಾವನೆಯನ್ನು ಅರ್ಧಕ್ಕರ್ಧ ಸೀಳಿ ಇಟ್ಟ ಮಾಲೀಕನು ಸಂಹಿತೆಯ ಒಂದಕ್ಷರವನ್ನೂ ಮೀರದೆ, ಮೇಲಿನ ಲೆಕ್ಕದ 150 ರೂಪಾಯಿಯನ್ನೇ ‘ಇಮ್ಮಡಿ’ ಎಂದು ಕೊಡಬಹುದು. ಅರ್ಧದ ಇಮ್ಮಡಿ ಒಂದು ಎಂಬುದು ಮಗ್ಗಿ ಕಲಿಯುವ ಮಕ್ಕಳಿಗೂ ತಿಳಿದ ಗಣಿತ. ಹಿಂದೆ ಅಕ್ರಮವಾಗಿ ನಡೆಯುತ್ತಿದ್ದ ‘ಸಿಂಗಲ್ ಓಟಿ’ಗೆ ಹೀಗೆ ಸಕ್ರಮದ ಮುದ್ರೆ ಬೀಳುತ್ತದೆ. 2023ರಲ್ಲಿ 65ಎ ಕಲಮು ಬಹಿರಂಗವಾಗಿ ಕೇಳಿ ಪಡೆಯಲಾಗದ್ದನ್ನು ಪದವೊಂದರ ವ್ಯಾಖ್ಯೆ ಸದ್ದಿಲ್ಲದೆ ಪಡೆದುಕೊಂಡಿದೆ.

ಆಕ್ಷೇಪಗಳು

ಕೈಗಾರಿಕಾ ವಲಯದ ಆಕ್ಷೇಪಗಳನ್ನು ಗಂಭೀರವಾಗಿಯೇ ಎತ್ತಿಕೊಳ್ಳಬೇಕು. ಮೊದಲನೆಯದು, ಭಾರತದ ಇಮ್ಮಡಿ ದರವೇ ಅತಿಯಾದದ್ದು ಎಂಬುದು. 1919ರ ಒಡಂಬಡಿಕೆ ಕೇಳಿದ್ದು ಒಂದೂಕಾಲು ಪಟ್ಟು. ಅಮೆರಿಕದ 1938ರ ನ್ಯಾಯೋಚಿತ ದುಡಿಮೆಯ ಮಾನದಂಡಗಳ ಕಾಯ್ದೆ ಕೊಡುವುದು ಒಂದೂವರೆ ಪಟ್ಟು ಎಂದು ಅವರು ತೋರಿಸುತ್ತಾರೆ. ಆದರೆ ಅಮೆರಿಕದ ಒಂದೂವರೆ ಪಟ್ಟು ಶುರುವಾಗುವುದು ವಾರದ 40 ಗಂಟೆಯ ನಂತರ; ಅಲ್ಲಿನ ಕಾಯ್ದೆಯ ‘ನಿಯತ ದರ’ ಕೆಲವು ಬಾಬುಗಳನ್ನು ಬಿಟ್ಟು ಕಾರ್ಮಿಕನಿಗೆ ಸಲ್ಲುವ ಹೆಚ್ಚಿನೆಲ್ಲ ಸಂಭಾವನೆಯನ್ನೂ ಒಳಗೊಳ್ಳುತ್ತದೆ. ಇಡೀ ಸಂಭಾವನೆಯ ಒಂದೂವರೆ ಪಟ್ಟು ಅರ್ಧ ಸಂಭಾವನೆಯ ಎರಡು ಪಟ್ಟಿಗಿಂತ ದೊಡ್ಡದು. ಪಟ್ಟುಗಳನ್ನು ಹೋಲಿಸುವವರು ಬುನಾದಿಗಳನ್ನೂ ಹೋಲಿಸಬೇಕು.

ಎರಡನೆಯದು ಸ್ಪರ್ಧೆಯ ಮಾತು. ವಿದ್ಯುತ್ ಸ್ಕೂಟರ್, ಮೊಬೈಲ್ ಬಿಡಿಭಾಗಗಳಂಥ ಉದ್ಯಮಗಳು ಕೃಷ್ಣಗಿರಿ ಜಿಲ್ಲೆಗೆ ಬಂದಿರುವಾಗ, ಬೇಡಿಕೆ ಏರಿದ ತಿಂಗಳುಗಳಲ್ಲಿ ಹೆಚ್ಚು ದುಡಿಸಲು ಆಗದಿದ್ದರೆ ಅವು ಬೇರೆಡೆಗೆ ಹೋಗುತ್ತವೆ ಎಂಬ ಹೆದರಿಕೆಯನ್ನು ಆಗಾಗ ಮುಂದಿಡಲಾಗುತ್ತದೆ. ಇಮ್ಮಡಿ ಕೂಲಿ ಹೆಚ್ಚು ದುಡಿಸುವುದನ್ನು ನಿಷೇಧಿಸುವುದಿಲ್ಲ, ಅದಕ್ಕೊಂದು ಬೆಲೆ ಕೇಳುತ್ತದೆ. ನಿಜವಾದ ತುರ್ತು ಇರುವ ಕಾರ್ಖಾನೆ ಆ ಬೆಲೆಯನ್ನು ತೆತ್ತು ದುಡಿಸಿಕೊಳ್ಳಬಹುದು. ವರ್ಷವಿಡೀ ತುರ್ತು ಇರುವ ಕಾರ್ಖಾನೆಗೆ ಬೇಕಾಗಿರುವುದು ಓಟಿಯಲ್ಲ, ಇನ್ನೊಂದು ಪಾಳಿ. 1980ರ ದಶಕದಿಂದ ಅಶೋಕ್ ಲೇಲ್ಯಾಂಡ್, ಟಿವಿಎಸ್, ಟೈಟಾನ್‌ನಂಥ ಸಂಸ್ಥೆಗಳು ನೆಲೆಯೂರಿ ಹೊಸೂರು ಬೆಳೆದದ್ದು ವಾರಕ್ಕೆ 48 ಗಂಟೆ ಮತ್ತು ಇಮ್ಮಡಿ ಓಟಿಯ ಕಾನೂನು ಜಾರಿಯಲ್ಲಿದ್ದಾಗಲೇ ಎಂಬುದನ್ನು ಮರೆಯಬಾರದು.

ಮೂರನೆಯ ಆಕ್ಷೇಪ ಎಲ್ಲಕ್ಕಿಂತ ಗಟ್ಟಿಯಾದದ್ದು: ಕಾರ್ಮಿಕರೇ ಓಟಿ ಬೇಕೆನ್ನುತ್ತಾರೆ. ಇದು ಸತ್ಯ. ತಳಿ, ಕೆಲಮಂಗಲ, ಡೆಂಕಣಿಕೋಟೆಯ ಹಳ್ಳಿಗಳಿಂದ ಬರುವವರಾಗಲಿ, ಜಾರ್ಖಂಡ್, ಒಡಿಶಾ, ಬಿಹಾರಗಳಿಂದ ಬಂದು ಹಾಸ್ಟೆಲುಗಳಲ್ಲಿ ಉಳಿದವರಾಗಲಿ, ಬಾಡಿಗೆ ಕಟ್ಟಿ ಮನೆಗೆ ಹಣ ಕಳಿಸಲು ಓಟಿಯನ್ನೇ ನೆಚ್ಚಿಕೊಂಡಿದ್ದಾರೆ. ಆದರೆ ಎಂಟು ಗಂಟೆಯ ಕೂಲಿ ಬದುಕಿಗೆ ಸಾಲದಾಗಿದೆ ಎಂಬುದಕ್ಕೆ ಇದು ಸಾಕ್ಷಿಯೇ ಹೊರತು ಹನ್ನೆರಡು ಗಂಟೆ ಹಿತವಾಗಿದೆ ಎಂಬುದಕ್ಕಲ್ಲ. ಓಟಿಯ ಹಣ ಭವಿಷ್ಯ ನಿಧಿಗೆ ಸೇರುವುದಿಲ್ಲ, ಬೋನಸಿನ ಲೆಕ್ಕಕ್ಕೆ ಬರುವುದಿಲ್ಲ, ಗ್ರಾಚ್ಯುಟಿಯನ್ನು ಒಂದು ರೂಪಾಯಿಯಷ್ಟೂ ಹೆಚ್ಚಿಸುವುದಿಲ್ಲ. ಯೌವನದ ಸಂಜೆಗಳನ್ನು ಮಾರಿ ಪಡೆದ ಆ ಹಣ ಮುಪ್ಪಿಗೆ ಏನನ್ನೂ ಉಳಿಸುವುದಿಲ್ಲ. ವಾರಕ್ಕೆ 55 ಗಂಟೆ ಅಥವಾ ಅದಕ್ಕೂ ಹೆಚ್ಚು ದುಡಿಯುವವರಲ್ಲಿ, 35ರಿಂದ 40 ಗಂಟೆ ದುಡಿಯುವವರಿಗಿಂತ, ಪಾರ್ಶ್ವವಾಯುವಿನ ಅಪಾಯ 35 ಪ್ರತಿಶತ ಮತ್ತು ರಕ್ತನಾಳ ಕಟ್ಟಿಕೊಳ್ಳುವ ಹೃದ್ರೋಗದಿಂದ ಸಾಯುವ ಅಪಾಯ 17 ಪ್ರತಿಶತ ಹೆಚ್ಚೆಂದು ವಿಶ್ವ ಆರೋಗ್ಯ ಸಂಸ್ಥೆ ಮತ್ತು ಅಂತರರಾಷ್ಟ್ರೀಯ ಕಾರ್ಮಿಕ ಸಂಘಟನೆ 2021ರಲ್ಲಿ ಅಂದಾಜಿಸಿವೆ. ಹೊಸೂರಿನ ಪಾಳಿಯ ಬಸ್ಸುಗಳಲ್ಲಿ ತಲೆವಾಲಿಸಿ ಮಲಗಿ ಬರುವವರ ದೇಹಗಳು ಈ ಅಂಕಿಗಳ ಹೊರಗಿನವಲ್ಲ.

ಸಂಹಿತೆ ಹೇಳುವ ‘ಒಪ್ಪಿಗೆ’ಯೂ ಇಲ್ಲಿಯೇ ಪರೀಕ್ಷೆಗೆ ಒಳಗಾಗುತ್ತದೆ. ನಾಳೆ ಗೇಟಿನಲ್ಲಿ ತನ್ನನ್ನು ಒಳಬಿಡುತ್ತಾರೋ ಇಲ್ಲವೋ ಎಂದು ಗುತ್ತಿಗೆದಾರನ ಮುಖ ನೋಡುವ ಕಾರ್ಮಿಕನ ಒಪ್ಪಿಗೆ ಎಷ್ಟರಮಟ್ಟಿಗೆ ಒಪ್ಪಿಗೆ? 24 ತಿಂಗಳಲ್ಲಿ 480 ದಿನ ದುಡಿದವರನ್ನು ಕಾಯಂ ಮಾಡಬೇಕೆಂದು 1981ರಲ್ಲೇ ಕಾಯ್ದೆ ಮಾಡಿದ ರಾಜ್ಯ ತಮಿಳುನಾಡು. ಆದರೂ ಗುತ್ತಿಗೆ, ತರಬೇತಿ, ಅಪ್ರೆಂಟಿಸ್ ಎಂಬ ಹೆಸರುಗಳಡಿ ದುಡಿಯುವವರು ಉತ್ಪಾದನೆಯ ಸಾಲುಗಳಲ್ಲಿ ತುಂಬಿದ್ದಾರೆ. ಅಪ್ರೆಂಟಿಸ್‌ಗಳನ್ನು ಸಂಬಂಧಪಟ್ಟ ಸಲಹೆಗಾರ ಅಧಿಕಾರಿಯ ಅನುಮತಿಯಿಲ್ಲದೆ ಓಟಿಗೆ ಹಚ್ಚಕೂಡದೆಂದು 1961ರ ಅಪ್ರೆಂಟಿಸ್ ಕಾಯ್ದೆ ಹೇಳುತ್ತದೆ. ಕಲಿಯಲು ಬಂದವರಿಗೆ ದುಡಿಮೆಯ ಭಾರ ಹೊರಿಸಬಾರದೆಂಬ ಆ ವಿವೇಕ ಪಾಳಿಯ ಪಟ್ಟಿ ಬರೆಯುವವರಿಗೂ ಇರಬೇಕು.

ಲೆಕ್ಕ ತಪ್ಪಿದರೆ ಏನಾಗುತ್ತದೆ ಎಂಬುದಕ್ಕೆ ದೂರ ಹೋಗಬೇಕಿಲ್ಲ. 2020ರ ಡಿಸೆಂಬರ್ 12ರಂದು ಕೋಲಾರ ಜಿಲ್ಲೆಯ ನರಸಾಪುರದ ವಿಸ್ಟ್ರಾನ್ ಕಾರ್ಖಾನೆಯಲ್ಲಿ ಕಾರ್ಮಿಕರ ಆಕ್ರೋಶ ದೊಂಬಿಯಾಗಿ ಸಿಡಿಯಿತು. ಅಲ್ಲಿ ನಡೆದ ಹಿಂಸೆಯನ್ನು ಯಾರೂ ಸಮರ್ಥಿಸಲಾರರು. ಆದರೆ ದುಡಿಮೆಯ ಗಂಟೆಗಳ ನಿರ್ವಹಣೆಯಲ್ಲಿನ ಲೋಪದಿಂದ ಅಕ್ಟೋಬರ್ ಮತ್ತು ನವೆಂಬರ್‌ನಲ್ಲಿ ಕೆಲವು ಕಾರ್ಮಿಕರಿಗೆ ಸಂಬಳ ತಡವಾಯಿತೆಂದು, ಅಲ್ಲಿ ತಯಾರಾಗುತ್ತಿದ್ದ ಫೋನುಗಳ ಒಡೆಯ ಸಂಸ್ಥೆಯಾದ ಆ್ಯಪಲ್ ಕೂಡ ಆಗ ಒಪ್ಪಿಕೊಂಡಿತು. ಹಾಜರಿಯ ಯಂತ್ರ ಎಣಿಸಿದ ಗಂಟೆಗೂ ಕೈಗೆ ಬಂದ ಹಣಕ್ಕೂ ತಾಳೆಯಾಗದಿದ್ದಾಗ ಕೇಳಲು ಬಾಗಿಲಿರಬೇಕು. ಬಾಗಿಲಿಲ್ಲದ ಕಡೆ ಗೋಡೆಗೆ ಪೆಟ್ಟು ಬೀಳುತ್ತದೆ.

ಆಗಬೇಕಾದದ್ದು

ಮೊದಲ ಕೆಲಸ ಸಂಸತ್ತಿನದು. ಓಟಿಯ ಮಟ್ಟಿಗೆ ‘ವೇತನ’ ಎಂಬ ಪದಕ್ಕೆ ಹಳೆಯ 59ನೇ ಕಲಮಿನ ಅರ್ಥವನ್ನೇ, ಅಂದರೆ ಎಲ್ಲ ನಿಯತ ಭತ್ಯೆಗಳೂ ಸೇರಿದ ಅರ್ಥವನ್ನೇ ಮರಳಿ ಕೊಡಬೇಕು. ಸಂಸತ್ತು ತಡಮಾಡಿದರೆ, ಕಾರ್ಮಿಕ ವಿಷಯವು ಸಂವಿಧಾನದ ಸಮವರ್ತಿ ಪಟ್ಟಿಯಲ್ಲಿರುವುದರಿಂದ, ರಾಷ್ಟ್ರಪತಿಗಳ ಅನುಮೋದನೆ ಪಡೆದು ರಾಜ್ಯಗಳೇ ತಿದ್ದುಪಡಿ ತರಬಹುದು. ಹತ್ತು ದಿನಗಳಲ್ಲಿ ತಪ್ಪೊಂದನ್ನು ಹಿಂಪಡೆಯುವ ಧೈರ್ಯ ತೋರಿದ ತಮಿಳುನಾಡು ಇದರಲ್ಲಿ ಮುಂದಾದರೆ ಕರ್ನಾಟಕಕ್ಕೂ ಮೇಲ್ಪಂಕ್ತಿಯಾದೀತು. ಅಲ್ಲಿಯವರೆಗೆ ಕಾರ್ಮಿಕ ಸಂಘಗಳು ವೇತನ ಒಪ್ಪಂದಗಳಲ್ಲಿ ಓಟಿಯ ಬುನಾದಿಯನ್ನು ಒಂದು ಪ್ರತ್ಯೇಕ ಷರತ್ತಾಗಿ ಬರೆಸಬೇಕು. ಕಾನೂನಿಗಿಂತ ಹೆಚ್ಚು ಕೊಡುವುದನ್ನು ಯಾವ ಸಂಹಿತೆಯೂ ತಡೆಯುವುದಿಲ್ಲ.

ಎರಡನೆಯದು ರಾಜ್ಯದ ನಿಯಮಾವಳಿಯ ಕೆಲಸ. ತಿಂಗಳ ಸಂಬಳವನ್ನು 26ರಿಂದ, ಬಂದದ್ದನ್ನು 8ರಿಂದ ಭಾಗಿಸಿ, ಎರಡರಿಂದ ಗುಣಿಸಬೇಕು ಎಂಬ ಒಂದೇ ಸೂತ್ರವನ್ನು ಗಡಿಯ ಎರಡೂ ಬದಿಯ ನಿಯಮಗಳು ಅಂಕಿಗಳಲ್ಲೇ ಬರೆಯಬೇಕು. ವೇತನ ಸಂಹಿತೆಯ ಪ್ರಕಾರ ಪ್ರತಿ ಮಾಲೀಕನೂ ಸಂಬಳ ಚೀಟಿ ಕೊಡಲೇಬೇಕು, ಆ ಚೀಟಿಯ ನಮೂನೆಯನ್ನು ನಿಯಮಗಳು ಗೊತ್ತುಮಾಡಬಹುದು; ಓಟಿಯ ಗಂಟೆಗಳು, ಬುನಾದಿಯ ಮೊತ್ತ, ಭಾಜಕ, ಬಂದ ದರ – ಈ ನಾಲ್ಕನ್ನೂ ಆ ನಮೂನೆಯಲ್ಲಿ ಕಡ್ಡಾಯ ಮಾಡಬೇಕು. ಕಾರ್ಖಾನೆಯ ಸೂಚನೆಗಳು ಹೆಚ್ಚಿನ ಕಾರ್ಮಿಕರಿಗೆ ತಿಳಿಯುವ ಭಾಷೆಯಲ್ಲೂ ಇರಬೇಕೆಂದು 1948ರಲ್ಲೇ ಕಾನೂನು ಬಗೆದಿತ್ತು. ತಮಿಳು, ಕನ್ನಡ, ತೆಲುಗು ಮೂರೂ ಮನೆಮಾತಾಗಿರುವ, ಈಗ ಹಿಂದಿ ಒಡಿಯಾಗಳೂ ಸೇರಿರುವ ಹೊಸೂರಿನಲ್ಲಿ ಬಹುಸಂಖ್ಯೆಯವರ ಭಾಷೆಯೊಂದೇ ಸಾಲದು. ಗಣಕದಲ್ಲಿ ಮುದ್ರಣವಾಗುವ ಚೀಟಿಯನ್ನು ಕಾರ್ಮಿಕ ಕೇಳಿದ ಭಾಷೆಯಲ್ಲಿ ಕೊಡುವುದು ಇಂದು ಕಷ್ಟದ ಕೆಲಸವೂ ಅಲ್ಲ.

ಮೂರನೆಯದು ತಿಳಿವಳಿಕೆಯ ಕೆಲಸ. ಹಳೆಯ ಕಾಯ್ದೆಗಳಡಿ ಆರು ತಿಂಗಳು, ಒಂದು ವರ್ಷವಿದ್ದ ಬಾಕಿ ಕೂಲಿಯ ದಾವೆಯ ಅವಧಿಯನ್ನು ವೇತನ ಸಂಹಿತೆ ಮೂರು ವರ್ಷಕ್ಕೆ ಏರಿಸಿದೆ. ಕೊಟ್ಟಿದ್ದೇನೆಂದು ಸಾಬೀತು ಮಾಡುವ ಹೊಣೆಯನ್ನೂ ಮಾಲೀಕನ ಮೇಲೆಯೇ ಹೊರಿಸಿದೆ. ಸಂಹಿತೆಯ ದೋಷಗಳನ್ನು ಎತ್ತಿ ಹೇಳುವ ಸಂಘಟನೆಗಳು ಈ ಎರಡು ಹಕ್ಕುಗಳನ್ನೂ ಅಷ್ಟೇ ಗಟ್ಟಿದನಿಯಲ್ಲಿ ಸಾರಬೇಕು. ಹಾಜರಿಯ ಯಂತ್ರದ ದಾಖಲೆಯ ಪ್ರತಿಯು ತಿಂಗಳು ತಿಂಗಳೂ ಕಾರ್ಮಿಕನ ಕೈಸೇರಿದರೆ ಮಾತ್ರ ಆ ಹಕ್ಕುಗಳಿಗೆ ಜೀವ ಬರುತ್ತದೆ. ಗುತ್ತಿಗೆದಾರ ತಪ್ಪಿಸಿಕೊಂಡಾಗ ಮುಖ್ಯ ಮಾಲೀಕನೇ ಬಾಕಿ ತೀರಿಸಬೇಕೆಂಬ ಹೊಣೆಯೂ ಓಟಿಯ ಬಾಕಿಗೆ ತಪ್ಪದೆ ಅನ್ವಯವಾಗಬೇಕು.

ಎಂಟು ಗಂಟೆಯ ದಿನಕ್ಕಾಗಿ ಹಿಂದಿನ ತಲೆಮಾರುಗಳು ಬೀದಿಗಿಳಿದವು, ಮುಷ್ಕರ ಹೂಡಿದವು, ಕೆಲಸ ಕಳೆದುಕೊಂಡವು. ಇಂದಿನ ತಲೆಮಾರು ಅದರ ಜೊತೆಗೆ ಸಂಬಳ ಚೀಟಿಯ ಒಂದು ಸಾಲನ್ನು ಓದುವುದನ್ನೂ ಕಲಿಯಬೇಕಾಗಿದೆ. ಹೊಸೂರಿನ ಯಾವ ಕಾರ್ಮಿಕನಾದರೂ ತಿಂಗಳ ಕೊನೆಗೆ ತನ್ನ ಒಟ್ಟು ಸಂಬಳವನ್ನು 208ರಿಂದ, ಅಂದರೆ 26 ದಿನಗಳ ಎಂಟೆಂಟು ಗಂಟೆಗಳಿಂದ ಭಾಗಿಸಿ ನೋಡಲಿ. ಓಟಿಯ ಒಂದು ಗಂಟೆಗೆ ಬಂದ ಹಣ ಆ ಸಂಖ್ಯೆಯ ಇಮ್ಮಡಿಯಿದ್ದರೆ ಅವನ ಎಂಟು ಗಂಟೆಯ ಹಕ್ಕು ಇನ್ನೂ ಉಸಿರಾಡುತ್ತಿದೆ. ಆ ಸಂಖ್ಯೆಯಷ್ಟೇ ಇದ್ದರೆ, ಕಾನೂನು ಪುಸ್ತಕದಲ್ಲಿ ಏನೇ ಬರೆದಿರಲಿ, ಅವನು ದುಡಿಯುತ್ತಿರುವುದು ಹನ್ನೆರಡು ಗಂಟೆಯ ದಿನವನ್ನೇ.